ಹರಿದ ಸೀರೆಯ ಅಂಜಿನಮ್ಮ

ಗ್ಯಾಸ್ ಒಲೆಯನ್ನು ಮಧುಕರ್ ಮಂಚದ ಕೆಳಗೆ ತಳ್ಳಿದ. ಫ್ರಿಜ್ಜನ್ನು ಹಳೇ ಬೆಡ್‌ಶೀಟಿನಿಂದ ಮುಚ್ಚಿದ. ಅಮ್ಮನ ಬದುಕಿನ ಮೇಲೆ ಸಾಕ್ಷ್ಯಚಿತ್ರ ತೆಗೆಯುತ್ತಿದ್ದ. ಆದರೆ ಅಮ್ಮ ಅವನ ಕ್ಯಾಮೆರಾಗೆ ಬೇಕಾದಷ್ಟು ಬಡವಳಾಗಿರಲಿಲ್ಲ.

ಅಂಜಿನಮ್ಮ ಮೂವತ್ತು ವರ್ಷ ಶಿವಾಜಿನಗರದ ಅಂಗಡಿಗಳಿಗೆ ಸೀರೆ ಫಾಲ್ಸ್ ಹೊಲಿದವಳು. ಹಲಸೂರಿನ ಈ ಮನೆ, ಮಗನ ಓದು, ಎಲ್ಲ ಆ ಸೂಜಿಯಿಂದಲೇ. ಬೀದಿಯಲ್ಲಿ ಯಾರ ಸೆರಗು ಹರಿದರೂ ಕರೆದು ಕೂರಿಸಿ ಹೊಲಿದುಕೊಡುವವಳು. ಅಂಥವಳಿಗೆ ಮಗ ನೆಲ ಒರೆಸಲು ಇಟ್ಟಿದ್ದ ಸೀರೆ ಉಡು ಎಂದ.

“ಬೀರು ತುಂಬಾ ಸೀರೆ ಅವೆ. ಇದ್ಯಾಕೋ?”

“ಅವು ರಿಯಲ್ಲಾಗಿ ಕಾಣಲ್ಲಮ್ಮ.”

“ನಾನು ದಿನಾ ಉಡೋದೇ ಅವನ್ನ. ಇನ್ಯಾವ್ದೋ ನಿನ್ ರಿಯಲ್ಲು?”

ಆದರೂ ಉಟ್ಟಳು. ಮಗ ಕೇಳಿದನಲ್ಲ.

ಅವಳ ಸೆರಗಿನೊಳಗೆ ಮೈಕ್ ಸಿಕ್ಕಿಸಿ ಅವನು ಕ್ಯಾಮೆರಾ ಸರಿಮಾಡುತ್ತಿದ್ದಾಗ ಹೊರಗೆ ಸೊಪ್ಪಿನ ಗಾಡಿಯವನು ಕೂಗಿದ. ಅಮ್ಮ ಮೈಕ್ ಮರೆತು ಎದ್ದುಹೋದಳು. ಇವನ ಕಿವಿಯಲ್ಲಿ ಹೆಡ್‌ಫೋನ್ ಇತ್ತು.

“ಅರೆ ಅಂಜಿನಮ್ಮಾ!” ಎದುರುಮನೆ ಫಹ್ಮಿದಾಳ ದನಿ. “ಏನಿದು, ಹಿಂದೆಲ್ಲಾ ಹರಿದೈತೆ! ಮಧುಗೆ ಕೆಲಸ ಹೋಯ್ತಾ?”

“ಬಿಡ್ತು ಅನ್ನು. ಎಲ್ಲಾ ಸೀರೆ ಒಗೆಯಕ್ಕೆ ಹಾಕಿದೀನಿ ಕಣೇ.”

“ಎಲ್ಲಾನೂ? ಬೀರುನೂ ಒಗೆಯಕ್ಕೆ ಹಾಕ್ದ್ಯಾ?”

ಅಮ್ಮ ನಕ್ಕಳು. ಹರಿದ ಕಡೆಗೆ ಸೆರಗು ಎಳೆದುಕೊಂಡದ್ದು ಮೈಕಿನಲ್ಲಿ ಸರಸರ ಎಂದಿತು.

ಮಧುಕರ್ ಹೆಡ್‌ಫೋನ್ ತೆಗೆಯಬೇಕಿತ್ತು. ತೆಗೆಯಲಿಲ್ಲ. ದನಿ ಚೆನ್ನಾಗಿ ಬಂದಿದೆ ಎಂದು ನೋಟ್‌ಬುಕ್ಕಿನಲ್ಲಿ ಬರೆದುಕೊಂಡ. ಅಷ್ಟು ಮಾನಗೆಟ್ಟಿದ್ದ.

ಅಮ್ಮ ವಾಪಸ್ಸು ಬಂದು, ಅವನು ಮೂರು ಇಟ್ಟಿಗೆ ಜೋಡಿಸಿ ಮಾಡಿದ್ದ ಒಲೆ ಊದಲು ಕೂತಳು; ಅವನು ಕ್ಯಾಮೆರಾ ಓಡಿಸಿದ. ಅಷ್ಟರಲ್ಲಿ ಫಹ್ಮಿದಾ ಮಡಿಸಿದ ಸೀರೆಯೊಂದನ್ನು ಹಿಡಿದು ಬಾಗಿಲಿಗೆ ಬಂದಳು. ಇಟ್ಟಿಗೆ ನೋಡಿದಳು, ಹೊಗೆ ನೋಡಿದಳು.

“ಗ್ಯಾಸೂ ಮಾರಿಬಿಟ್ರಾ?” ದನಿ ಇಳಿದಿತ್ತು. “ತಗೋ ಅಂಜಿನಮ್ಮ. ಬೇಡ ಅನ್ಬೇಡ.”

ಅಮ್ಮ ತಲೆ ಎತ್ತದೆ ಕೈ ಚಾಚಿದಳು. ಮಗನ ಮಾನ ಉಳಿಸಲು ತನ್ನದನ್ನು ಬಿಟ್ಟು ಚಾಚಿದ ಕೈ ಅದು. ಮಧುಕರನಿಗೆ ನೋಡಲಾಗಲಿಲ್ಲ.

“ಖಾಲಾ, ಏನೂ ಮಾರಿಲ್ಲ. ಗ್ಯಾಸೂ ಇದೆ, ಸೀರೆನೂ ಇದೆ. ಎಲ್ಲ ನಾನೇ... ಫಿಲ್ಮಿಗೋಸ್ಕರ.”

ಫಹ್ಮಿದಾ ಅವನನ್ನು ಅಡಿಯಿಂದ ಮುಡಿವರೆಗೆ ನೋಡಿದಳು. “ಹೆತ್ತೋಳ್ನ ಭಿಕಾರಿ ಮಾಡಿ ಊರಿಗೆ ತೋರಿಸ್ತೀಯಾ?” ಎಂದು, ಸೀರೆಯನ್ನು ಕಂಕುಳಿಗೆ ಸಿಕ್ಕಿಸಿಕೊಂಡು ಹೊರಟೇಹೋದಳು.

ಅಮ್ಮ ಉರಿಯುತ್ತಿದ್ದ ಸೌದೆಯನ್ನು ಹೊರಗೆಳೆದು ನೀರು ಚಿಮುಕಿಸಿದಳು.

“ಹೇಳ್ಬಾರ್ದಿತ್ತು ಕಣೋ. ನಾನು ಬಡವಿ ಅಂದ್ಕೊಂಡಿದ್ರೆ ನಾಳೆ ಒಳ್ಳೆ ಸೀರೆ ಉಟ್ಕೊಂಡು ಸರಿಮಾಡ್ತಿದ್ದೆ. ಈಗ ನೀನು ಎಂಥೋನು ಅಂತ ಗೊತ್ತಾಗೋಯ್ತು. ಅದನ್ನ ಏನ್ ಉಟ್ಕೊಂಡು ಮುಚ್ಲಿ?”

ಕ್ಯಾಮೆರಾ ಇನ್ನೂ ಓಡುತ್ತಿತ್ತು. ಆರಿಸಲು ಹೋದ ಮಧುಕರ್, ಅಭ್ಯಾಸಬಲ, ಮೊದಲು ಫೋಕಸ್ ಸರಿಯಿತ್ತೇ ಎಂದು ನೋಡಿದ.

ಅವನು ಫೋಕಸ್ ನೋಡಿದ್ದನ್ನು ಅಮ್ಮ ನೋಡಿದಳು.