ಎರಡನೆಯ ಬಾಗಿಲು

ಬಾಗಿಲು ಮುಚ್ಚುವುದೂ ಒಂದು ಕೆಲಸವೇ ಎಂದು ಮೂಗು ಮುರಿಯುವವರಿಗೆ ಬಾಗಿಲಪ್ಪ ಉತ್ತರ ಕೊಡುತ್ತಿರಲಿಲ್ಲ. ಅವರ ಕಾರಿನ ಹತ್ತಿರ ಹೋಗಿ, ಬಾಗಿಲು ತೆರೆದು, ಎರಡು ಬೆರಳಿನಲ್ಲಿ ತಳ್ಳಿ ಮುಚ್ಚುತ್ತಿದ್ದ. "ಕೆಳಗಿನ ಮೂಲೇಲಿ ರಬ್ಬರು ಹೋಗಿದೆ, ಮಳೆಗೆ ಮುಂಚೆ ಹಾಕಿಸ್ಕೊಳ್ಳಿ" ಎಂದು ಹೇಳಿ ತನ್ನ ಪಾಡಿಗೆ ತಾನು ಹೊರಟುಬಿಡುತ್ತಿದ್ದ. ಬಗ್ಗಿ ನೋಡಿದರೆ ನಿಜವಾಗಿಯೂ ಹೋಗಿರುತ್ತಿತ್ತು.

ಮೂತಿಯ ಮೇಲೆ ಒಂಟಿಕಾಲಿನಲ್ಲಿ ನಿಂತ ಕೊಕ್ಕರೆಯ ಬಿಲ್ಲೆಯಿರುವ ಕಾರುಗಳನ್ನು ಮಾಡುವ ಕಾರ್ಖಾನೆಯಲ್ಲಿ ಅವನಿಗೆ ಇಪ್ಪತ್ತೇಳು ವರ್ಷದ ಸರ್ವಿಸು. ಅಪ್ಪ ಅಮ್ಮ ಇಟ್ಟ ಹೆಸರು ಹಾಜರಿ ಪುಸ್ತಕದಲ್ಲಿ ಮಾತ್ರ ಉಳಿದಿತ್ತು. ಸಾಲಿನಿಂದ ಇಳಿದ ಪ್ರತಿ ಇಪ್ಪತ್ತು ಕಾರಿಗೆ ಒಂದನ್ನು ಅವನ ಮುಂದೆ ತಂದು ನಿಲ್ಲಿಸುತ್ತಿದ್ದರು. ಅವನು ಕಣ್ಣು ಮುಚ್ಚಿ ನಾಲ್ಕೂ ಬಾಗಿಲನ್ನು ಮೂರು ಮೂರು ಸಲ ಮುಚ್ಚುತ್ತಿದ್ದ. ಸರಿ ಬಂದರೆ ತಲೆಯಾಡಿಸುವನು, ಸರಿ ಬರದಿದ್ದರೆ ಇಪ್ಪತ್ತೂ ಕಾರು ಹಿಂದಕ್ಕೆ. ಅವನಿಗೆ ಬೇಕಾದ ಸದ್ದು ಗಿಡ್ಡ, ದಪ್ಪ, ಬಾಲವಿಲ್ಲದ್ದು. "ಧಪ್" ಅಂದರೆ ಅಷ್ಟೇ, ಆಮೇಲೆ ಏನೂ ಕೇಳಬಾರದು. ಶೋರೂಮಿಗೆ ಬರುವ ಗಿರಾಕಿ ಎಂಜಿನ್ನಿನ ಒಳಗೆ ಇಣುಕಿ ನೋಡುವುದಿಲ್ಲ, ನೋಡಿದರೂ ಅವನಿಗೆ ತಿಳಿಯುವುದು ಅಷ್ಟಕ್ಕಷ್ಟೇ. ಬಾಗಿಲು ತೆಗೆದು ಮುಚ್ಚುತ್ತಾನೆ. ಆ ಒಂದು ಸದ್ದಿಗೆ ಹೆಂಡತಿಯ ಮುಖ ನೋಡಿ "ಗಟ್ಟಿಯಾಗಿದೆ ಅಲ್ವಾ" ಅನ್ನುತ್ತಾನೆ. ವ್ಯಾಪಾರ ಅಲ್ಲಿಗೆ ಮುಗಿಯಿತು.

ಕೊಕ್ಕರೆ ಒಂದು ಕಾಲಕ್ಕೆ ಯಾರ ಹಂಗಿನಲ್ಲೂ ಇರಲಿಲ್ಲ. ಆಮೇಲೆ ಯಾರೋ ಕೊಂಡರು, ಅವರಿಂದ ಇನ್ಯಾರೋ ಕೊಂಡರು, ಕೊನೆಗೆ ಹನ್ನೊಂದು ಬ್ರ್ಯಾಂಡುಗಳಿರುವ ಸಮೂಹವೊಂದರ ಹೊಟ್ಟೆ ಸೇರಿತು. ಕೇಂದ್ರ ಕಚೇರಿಯವರು ಕಾಗದ ಬರೆದಾಗಲೆಲ್ಲ ಅದನ್ನು "ನಮ್ಮ ಕುಟುಂಬ" ಎನ್ನುತ್ತಿದ್ದರು. ಕಾರ್ಖಾನೆಯ ಕ್ಯಾಂಟೀನಿನಲ್ಲಿ ಅದಕ್ಕೆ ವಾರಗಿತ್ತಿಯರ ಮನೆ ಎಂದು ಹೆಸರು. ಹನ್ನೊಂದು ಸೊಸೆಯರಿಗೆ ಒಂದೇ ಅಡುಗೆಮನೆ. ಬಡಿಸುವಾಗ ಮಾತ್ರ ಇದು ನನ್ನದೇ ಕೈಯಡುಗೆ ಎಂದು ಒಬ್ಬೊಬ್ಬಳೂ ಹೇಳಬೇಕು.

ಮಾತು ಸುಳ್ಳಲ್ಲ. ಕೊಕ್ಕರೆ ಕಾರಿಗೂ, ಅದೇ ಸಮೂಹದ, ಮೂತಿಯ ಮೇಲೆ ಮೂರು ಗೆರೆಯಿರುವ, ಅದಕ್ಕಿಂತ ಅಗ್ಗದ ಮೂರುಗೆರೆ ಕಾರಿಗೂ ಅಡಿಯ ಚಾಸಿ ಒಂದೇ, ಎಂಜಿನ್ ಒಂದೇ, ಒಳಗಿನ ತಂತಿಗಳೂ ಒಂದೇ. ಬೇರೆಯಾಗಿದ್ದದ್ದು ಮೂತಿಯ ಜಾಲರಿ, ಸೀಟಿನ ಬಟ್ಟೆ ಮತ್ತು ಬಾಗಿಲಿನ ಸದ್ದು. ಕೇಂದ್ರ ಕಚೇರಿಯ ಗೋಡೆಯೊಂದರಲ್ಲಿ ಹನ್ನೊಂದು ಬಿಲ್ಲೆಗಳನ್ನು ಸಾಲಾಗಿ ಅಂಟಿಸಿ, ಒಂದೊಂದರ ಕೆಳಗೂ ಅದರ ಗುಣವನ್ನು ಒಂದೇ ಪದದಲ್ಲಿ ಬರೆದಿದ್ದಾರಂತೆ. ಒಂದು "ವೇಗ", ಇನ್ನೊಂದು "ಯೌವನ". ಕೊಕ್ಕರೆಯ ಕೆಳಗೆ "ಭರವಸೆ". ಆ ಭರವಸೆ ಎಂಬುದು ತನ್ನ ಎರಡು ಬೆರಳಲ್ಲಿದೆ ಎಂದು ಬಾಗಿಲಪ್ಪ ನಂಬಿದ್ದ. ಹೊರಗೆ ಹೇಳಿಕೊಳ್ಳುತ್ತಿರಲಿಲ್ಲ, ಆದರೆ ಒಳಗೊಳಗೇ ಬೀಗುತ್ತಿದ್ದ.

ಮನೆಯಲ್ಲಿ ಅವನ ಹೆಂಡತಿಗೆ ಇದೊಂದು ತಲೆನೋವು. ಕಪಾಟು, ಪೆಟ್ಟಿಗೆ, ಬಚ್ಚಲ ಬಾಗಿಲು, ಎಲ್ಲಕ್ಕೂ ಹಳೆಯ ಕಂಬಳಿಯ ಚೂರು ಅಂಟಿಸಿಟ್ಟಿದ್ದ. "ಕೋಪ ಬಂದ್ರೆ ಧಡಾರ್ ಅಂತ ಬಾಗಿಲು ಹಾಕೋಕೂ ಆಗಲ್ಲ ಈ ಮನೇಲಿ" ಎಂದು ಅವಳು ಬಂದವರ ಮುಂದೆಲ್ಲ ದೂರುತ್ತಿದ್ದಳು.

ಆ ಕಪಾಟಿನ ಮುಂದೆಯೇ, ಎರಡು ವರ್ಷದ ಹಿಂದೆ ಒಂದು ಭಾನುವಾರ, ಅವಳ ತಮ್ಮ ಬಂದು ಕುಕ್ಕರಗಾಲಿನಲ್ಲಿ ಕೂತಿದ್ದ. ಅವನು ಬೇರೆ ಊರಿನ ಮೂರುಗೆರೆ ಕಾರ್ಖಾನೆಯಲ್ಲಿ, ಅದೇ ಬಾಗಿಲಿನ ವಿಭಾಗದಲ್ಲಿ ಕೆಲಸಕ್ಕಿದ್ದ. ಅಲ್ಲಿನ ಬಾಗಿಲು ಡಬ್ಬದ ಹಾಗೆ ಬಡಿದುಕೊಳ್ಳುತ್ತಿತ್ತು. ಮೂರು ತಿಂಗಳಲ್ಲಿ ಸರಿಮಾಡದಿದ್ದರೆ ಮನೆಗೆ ಹೋಗು ಎಂದಿದ್ದರಂತೆ.

"ನನ್ನ ತಮ್ಮ ಅಲ್ವೇನ್ರೀ" ಎಂದಳು ಹೆಂಡತಿ. "ಸ್ವಲ್ಪ ಹೇಳ್ಕೊಟ್ರೆ ನಿಮ್ಮ ಗಂಟೇನು ಹೋಗತ್ತೆ?"

ಬಾಗಿಲಪ್ಪ ಅಂಗಳದಲ್ಲಿದ್ದ ತನ್ನ ಹಳೆಯ ಕೊಕ್ಕರೆಯ ಬಾಗಿಲು ಬಿಚ್ಚಿ ಹೇಳಿಕೊಟ್ಟ. ತಗಡಿನ ಒಳಗೆ ಡಾಂಬರಿನ ಪಟ್ಟಿಯನ್ನು ನಡುವೆ ಅಂಟಿಸಬಾರದು, ಒಂದು ಗೇಣು ಕೆಳಗೆ ಅಂಟಿಸಬೇಕು. ಚಿಲಕದ ಹಿಂದೆ ಉಣ್ಣೆಯ ಒಂದು ತುಂಡು. ರಬ್ಬರಿನ ಅಂಚಿನಲ್ಲಿ, ಕೆಳಗಿನ ಮೂಲೆಯಲ್ಲಿ, ಉಗುರಿನಷ್ಟು ಸೀಳು. "ಒಳಗಿನ ಗಾಳಿಗೆ ಹೋಗೋಕೆ ದಾರಿ ಕೊಡು, ಅದು ಒದ್ದಾಡಲ್ಲ. ಅದು ಒದ್ದಾಡಲಿಲ್ಲ ಅಂದ್ರೆ ಬಾಗಿಲೂ ಒದ್ದಾಡಲ್ಲ." ಭಾವಮೈದ ಅಷ್ಟನ್ನೂ ಚೀಟಿಯಲ್ಲಿ ಬರೆದುಕೊಂಡ. ಹೋಗುವಾಗ ಅಕ್ಕನ ಮನೆಯ ಹಳೇ ಕಂಬಳಿಯ ಅರ್ಧ ಭಾಗವನ್ನೂ ಮಡಚಿ ಚೀಲಕ್ಕೆ ಹಾಕಿಕೊಂಡ. ಡಾಂಬರು, ಸೀಳು ಇವೆರಡರಿಂದಲೇ ಅಲ್ಲಿನ ಬಾಗಿಲು ತಕ್ಕಮಟ್ಟಿಗೆ ಸುಧಾರಿಸಿ ಅವನ ಕೆಲಸ ಉಳಿಯಿತು. ಮನೆಯವರೆಲ್ಲ ಖುಷಿಪಟ್ಟರು, ಬಾಗಿಲಪ್ಪನೂ ಪಟ್ಟ.

ಆಮೇಲೆ ಸಮೂಹಕ್ಕೆ ಹೊಸದೊಂದು ಯೋಚನೆ ಹೊಳೆಯಿತು. ಹನ್ನೊಂದು ಬ್ರ್ಯಾಂಡಿಗೂ ರಬ್ಬರು ಒಬ್ಬನೇ ಕೊಡಲಿ ಎಂದರು. ಹೊಸ ರಬ್ಬರು ಬಂತು, ಕಾಗದದಂತೆ ತೆಳ್ಳಗೆ. ಅದಾದ ಮೇಲೆ ಚಿಲಕದ ಹಿಂದಿನ ಉಣ್ಣೆ ಸಾಮಾನಿನ ಪಟ್ಟಿಯಿಂದಲೇ ಮಾಯವಾಯಿತು. ಬೇರೆ ಯಾವ ಸೊಸೆಯೂ ಕೇಳದ ವಸ್ತು ಇವಳಿಗೆ ಮಾತ್ರ ಯಾಕೆ? ಬಾಗಿಲಪ್ಪ ನಾಲ್ಕು ಕಾಗದ ಬರೆದ. ನಾಲ್ಕಕ್ಕೂ ಸೇರಿ ಒಂದು ಉತ್ತರ ಬಂತು, ಅದರಲ್ಲಿ ಅವನ ಕಾಳಜಿಗೆ ಧನ್ಯವಾದ ಹೇಳಿದ್ದರು. ಹೊಸ ರಬ್ಬರಿನ ಕಾರುಗಳು ಸಾಲಿನಿಂದ ಇಳಿಯುವ ಮುಂಚೆಯೇ ಅವನ ಮುಂದೆ ಕಾರು ತಂದು ನಿಲ್ಲಿಸುವುದನ್ನೂ ನಿಲ್ಲಿಸಿದರು. ಸದ್ದು ಅಳೆಯುವ ಯಂತ್ರ ಬಂದಿತ್ತು. ಎರಡು ತಿಂಗಳಿಂದ ಅವನು ಹೊಸ ಕೊಕ್ಕರೆಯ ಬಾಗಿಲನ್ನು ಮುಚ್ಚಿಯೇ ಇರಲಿಲ್ಲ. ರಬ್ಬರಿನ ಗೋದಾಮಿನಲ್ಲಿ ಕೂತು ಪೆಟ್ಟಿಗೆಗಳನ್ನು ಕಾಯುತ್ತಿದ್ದ.

ಹಾಗಿರುವಾಗ ಬ್ರ್ಯಾಂಡ್ ಮೇಡಂ ಬರುತ್ತಾರೆ ಎಂಬ ಸುದ್ದಿ ಬಂತು. ಕೇಂದ್ರ ಕಚೇರಿಯ ಆ ಗೋಡೆಯನ್ನು ನೋಡಿಕೊಳ್ಳುವವರು ಅವರೇ. ಹನ್ನೊಂದನ್ನು ಒಂಬತ್ತು ಮಾಡಬೇಕೆಂದು ಮೇಲಿನವರು ತೀರ್ಮಾನಿಸಿದ್ದರು. ಕೊಕ್ಕರೆಗೂ ಮೂರುಗೆರೆಗೂ ವ್ಯತ್ಯಾಸವೇ ಗೊತ್ತಾಗುವುದಿಲ್ಲ ಎಂದು ಗಿರಾಕಿಗಳು ಹೇಳುತ್ತಿದ್ದಾರೆ, ಅಂದ ಮೇಲೆ ಎರಡು ಕಾರ್ಖಾನೆ ಯಾಕೆ ಎಂಬುದು ಅವರ ಪ್ರಶ್ನೆ. ಕಾರ್ಖಾನೆಯ ಮ್ಯಾನೇಜರ್ ಹಿಡಿದ ಪಟ್ಟು ಬಿಡಲಿಲ್ಲ. ಗಿರಾಕಿಗಳ ಕಿವಿ ಹಾಗೇ, ಕಿವಿಯಿದ್ದವನನ್ನು ಕೇಳಿ ನೋಡಿ ಎಂದು ವಾದಿಸಿ ಒಂದು ಪರೀಕ್ಷೆಗೆ ಒಪ್ಪಿಸಿದರು. ಕಪ್ಪು ಪರದೆಯ ಹಿಂದೆ ಆರು ಕಾರು, ಆರು ಬಾಗಿಲು. ಕೊಕ್ಕರೆಯ ಬಾಗಿಲು ಯಾವುದೆಂದು ಕಾರ್ಖಾನೆಯವನೊಬ್ಬ ಹೇಳಿದರೆ ಕಾರ್ಖಾನೆಗೆ ಇನ್ನೆರಡು ವರ್ಷ ಅವಕಾಶ. ಹೇಳದಿದ್ದರೆ ಸಾವಿರದ ನಾನೂರು ಜನಕ್ಕೆ ಮನೆಯ ದಾರಿ.

ಪರೀಕ್ಷೆಯ ದಿನ ಬೆಳಿಗ್ಗೆ ಬಾಗಿಲಪ್ಪ ಗಡ್ಡ ಬೋಳಿಸಿ, ಇಸ್ತ್ರಿ ಮಾಡಿದ ನೀಲಿ ಅಂಗಿ ತೊಟ್ಟು ಬಂದ. ಕೈ ತೊಳೆಯುವ ನಲ್ಲಿಯ ಹತ್ತಿರ ಮ್ಯಾನೇಜರ್ ಅವನ ಪಕ್ಕ ಬಂದು ನಿಂತರು. ನೀರು ಜೋರಾಗಿ ಬಿಟ್ಟು, ಕನ್ನಡಿಯನ್ನೇ ನೋಡುತ್ತ ಹೇಳಿದರು:

"ಎರಡನೇದು. ಗೊತ್ತಾಯ್ತಾ? ಎರಡನೇದು ನಮ್ದು."

ಬಾಗಿಲಪ್ಪನಿಗೆ ಕಪಾಳಕ್ಕೆ ಹೊಡೆದ ಹಾಗಾಯಿತು. "ನನಗೆ ಹೇಳ್ಕೊಡ್ಬೇಕಾ ಸಾರ್?"

"ಹೇಳ್ಕೊಟ್ಟಿದ್ದಲ್ಲ ಮಾರಾಯ, ನೆನಪಿರಲಿ ಅಂತ. ಸಾವಿರದ ನಾನೂರು ಮನೆ ಇದೆ." ಅವರ ಕೈಯಿಂದ ಸೋಪು ಎರಡು ಸಲ ಜಾರಿಬಿತ್ತು.

ಜೋಡಣೆಯ ಸಾಲನ್ನು ಆ ಹೊತ್ತಿಗೆ ನಿಲ್ಲಿಸಿದ್ದರು. ಅಷ್ಟು ದೊಡ್ಡ ಚಾವಣಿಯ ಕೆಳಗೆ ಒಂದು ಸ್ಪ್ಯಾನರ್ ಬಿದ್ದರೂ ಕೇಳುವಷ್ಟು ಮೌನ. ಮೇಡಂ ಪರದೆಯ ಮುಂದೆ ಕುರ್ಚಿ ಹಾಕಿಸಿ ಅವನನ್ನು ಕೂರಿಸಿದರು. ಒಳ್ಳೆಯ ಹೆಂಗಸು, ನೀರು ಬೇಕಾ ಎಂದು ಎರಡು ಸಲ ಕೇಳಿದರು. ಅವನು ಕಣ್ಣು ಮುಚ್ಚಿದ.

ಮೊದಲನೆಯದು ಭಾರದ ಬಾಗಿಲು, ದೊಡ್ಡ ಸೊಸೆಯದು, ಸಮೂಹದ ಎಲ್ಲಕ್ಕಿಂತ ದುಬಾರಿ ಕಾರಿನದು ಎಂದು ಆಗಲೇ ಗೊತ್ತಾಯಿತು.

ಎರಡನೆಯದು ಮುಚ್ಚಿತು. ಸಣ್ಣ ತಗಡಿನ ಸದ್ದು, ಹಿಂದೆಯೇ ಒಂದು ಬಾಲ, ಚಿಲಕದೊಳಗೆ ಏನೋ ಗಿರಿಗಿರಿ. ಬಾಗಿಲಪ್ಪ ಮುಖ ಸಿಂಡರಿಸಿದ. ಇದಾ ನಮ್ಮದು? ಇದನ್ನ ನಮ್ಮದು ಅನ್ನಬೇಕಾ? ಸಾಧ್ಯವೇ ಇಲ್ಲ. ಮ್ಯಾನೇಜರಿಗೆ ಯಾರೋ ತಪ್ಪು ಹೇಳಿದ್ದಾರೆ, ಇಲ್ಲವೇ ಕೊನೇ ಗಳಿಗೆಯಲ್ಲಿ ಕಾರುಗಳ ಜಾಗ ಬದಲಾಯಿಸಿದ್ದಾರೆ. ಹೇಳಿಕೊಟ್ಟದ್ದನ್ನು ಗಿಣಿಯ ಹಾಗೆ ಒಪ್ಪಿಸುವವರನ್ನು ಹಿಡಿಯಲು ಹೀಗೆ ಮಾಡಿರಬೇಕು. ರಬ್ಬರು ತೆಳುವಾದದ್ದು ಅವನಿಗೆ ಗೊತ್ತಿತ್ತು, ಉಣ್ಣೆ ಹೋದದ್ದೂ ಗೊತ್ತಿತ್ತು. ಆದರೆ ಬಾಗಿಲು ಇಷ್ಟು ಹಾಳಾಗಿದೆ ಎಂದು ಅವನ ಮನಸ್ಸು ಒಪ್ಪಲಿಲ್ಲ.

ಮೂರನೆಯದು ಯಾವುದೋ ಆಟಿಕೆ.

ನಾಲ್ಕನೆಯದು ಮುಚ್ಚಿತು. ಧಪ್. ಗಿಡ್ಡ, ದಪ್ಪ, ಬಾಲವಿಲ್ಲ. ಬಾಗಿಲಪ್ಪನ ಮೈ ಜುಮ್ಮೆಂದಿತು. ಎರಡು ತಿಂಗಳ ಮೇಲೆ ಕೇಳಿದ್ದ ಅದನ್ನು. ಕಣ್ಣಂಚು ಒದ್ದೆಯಾಯಿತು, ಒರೆಸಿಕೊಳ್ಳಲೂ ಇಲ್ಲ. ಐದು, ಆರು ಬಂದು ಹೋದವು, ಅವನು ಕೇಳಿಸಿಕೊಳ್ಳಲಿಲ್ಲ.

"ನಾಲ್ಕು" ಎಂದ.

ಹಿಂದೆ ನಿಂತಿದ್ದ ಮ್ಯಾನೇಜರ್ ಕೆಮ್ಮಿದರು. ಇನ್ನೊಂದು ಸಲ ಕೆಮ್ಮಿದರು.

"ಇನ್ನೊಮ್ಮೆ ಕೇಳ್ತೀರಾ?" ಎಂದರು ಮೇಡಂ.

"ಬೇಡ ಮೇಡಂ. ಇಪ್ಪತ್ತೇಳು ವರ್ಷದಿಂದ ಮುಚ್ತಿದ್ದೀನಿ."

ಪರದೆ ಸರಿಸಿದರು. ನಾಲ್ಕನೆಯ ಕಾರಿನ ಮೂತಿಗೆ ಅಂಟಿಸಿದ್ದ ಪಟ್ಟಿಯನ್ನು ಒಬ್ಬರು ಕಿತ್ತರು. ಮೂರು ಗೆರೆ. ಎರಡನೆಯದರ ಮೂತಿಯ ಪಟ್ಟಿ ಕಿತ್ತಾಗ ಒಂಟಿಕಾಲಿನ ಕೊಕ್ಕರೆ ಕಂಡಿತು. ಮೇಡಂ ಏನನ್ನೋ ಬರೆದುಕೊಂಡು, ಅವನ ಭುಜ ಮುಟ್ಟಿ, "ಥ್ಯಾಂಕ್ಸ್, ಪ್ರಾಮಾಣಿಕವಾಗಿ ಹೇಳಿದ್ರಿ" ಎಂದರು. ಮ್ಯಾನೇಜರ್ ಬೈಯಲೂ ಇಲ್ಲ. ಅಲ್ಲೇ ಇದ್ದ ಟೈರಿನ ಮೇಲೆ ಕೂತು, ತಲೆಯ ಮೇಲೆ ಕೈ ಹೊತ್ತುಕೊಂಡರು.

ಸಂಜೆ ಫೋನು ಬಂತು. ಹೆಂಡತಿ ಎತ್ತಿ, ಸ್ಪೀಕರಿಗೆ ಹಾಕಿ, ಮೇಜಿನ ಮೇಲಿಟ್ಟಳು. ಭಾವಮೈದ ಉತ್ಸಾಹದಲ್ಲಿದ್ದ, ಅವನಿಗೆ ಇನ್ನೂ ಏನೂ ತಿಳಿದಿರಲಿಲ್ಲ.

"ಭಾವ, ನಿಮ್ಮಲ್ಲಿಗೆ ನಮ್ಮ ಕಾರೊಂದು ಬಂದಿತ್ತಲ್ಲಾ? ಏನೋ ಪ್ರದರ್ಶನ ಅಂದ್ರು. ನಮ್ಮ ಭಾವ ನೋಡೋ ಕಾರು, ಮರ್ಯಾದೆ ಹೋಗಬಾರ್ದು ಅಂತ ಒಂದಿನ ಪೂರ್ತಿ ಕೂತು ನಾನೇ ಬಾಗಿಲು ಮಾಡಿ ಕಳ್ಸಿದೆ. ನೀವು ಹೇಳ್ಕೊಟ್ಟ ಹಾಗೇ. ಚಿಲಕದ ಹಿಂದೆ ಅಕ್ಕನ ಕಂಬಳಿ ಇಟ್ಟಿದ್ದೀನಿ! ಯಾರಿಗೂ ಹೇಳ್ಬೇಡಿ ಮತ್ತೆ, ಪಟ್ಟೀಲಿ ಇಲ್ಲದ್ದು ಹಾಕಿದ್ರೆ ಕೆಲಸದಿಂದ ತೆಗೀತಾರೆ. ಹೇಗಿತ್ತು ಭಾವ?"

ಹೆಂಡತಿ ಬಾಗಿಲಪ್ಪನ ಮುಖವನ್ನೇ ನೋಡುತ್ತಿದ್ದಳು. ಪರೀಕ್ಷೆಯ ವಿಷಯವನ್ನು ಅವನು ಬಂದ ಕೂಡಲೇ ಹೇಳಿಬಿಟ್ಟಿದ್ದ. ನಾಳೆ ಬೆಳಿಗ್ಗೆ ಮೇಡಂ ಹೊರಡುವುದರೊಳಗೆ ಹೋಗಿ, ಆ ಬಾಗಿಲು ಕಾರ್ಖಾನೆಯದಲ್ಲ, ಕೈಯಿಂದ ಮಾಡಿದ್ದು, ಬಿಚ್ಚಿ ನೋಡಿ ಎಂದರೆ ಸಾಕು. ಪರೀಕ್ಷೆ ಬಿದ್ದುಹೋಗುತ್ತದೆ. ಜೊತೆಗೆ ಅವಳ ತಮ್ಮನೂ ಬೀದಿಗೆ ಬೀಳುತ್ತಾನೆ. ಎಲ್ಲ ಅವಳಿಗೂ ಅರ್ಥವಾಗಿತ್ತು. ಅವಳು ಬೇಡ ಎನ್ನಲಿಲ್ಲ, ಹೋಗಿ ಎನ್ನಲೂ ಇಲ್ಲ. ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತ, ಬಿಚ್ಚುತ್ತ ನಿಂತಿದ್ದಳು.

"ಚೆನ್ನಾಗಿತ್ತು ಕಣೋ" ಎಂದ ಬಾಗಿಲಪ್ಪ. "ನನ್ನದೇ ಅಂದ್ಕೊಂಡೆ."

ಆ ಕಡೆಯಿಂದ ನಗು ಕೇಳಿಸಿತು. ಹುಡುಗಾಟದ, ಸಂತೋಷದ ನಗು.

ಬೆಳಿಗ್ಗೆ ಅವನು ಗೇಟಿನವರೆಗೆ ಹೋದ. ಮೇಡಂ ಕಾರು ಹತ್ತುತ್ತಿದ್ದರು. ಕೈಯೆತ್ತಿ ಕರೆದಿದ್ದರೆ ನಿಲ್ಲಿಸುತ್ತಿದ್ದರು. ಅವನ ಕೈ ಮೇಲೇಳಲಿಲ್ಲ. ಕಾರಿನ ಬಾಗಿಲು ಮುಚ್ಚಿತು, ದೊಡ್ಡ ಸೊಸೆಯ ಬಾಗಿಲು, ಭಾರದ್ದು. ಮಾತಾಡದೆ ಉಳಿದದ್ದು ಅವನೇ, ಅದನ್ನು ಅವನು ಮುಂದೆ ಯಾರ ಮೇಲೂ ಹೊರಿಸಲಿಲ್ಲ.

ಏಳು ತಿಂಗಳಲ್ಲಿ ಕಾರ್ಖಾನೆಗೆ ಬೀಗ ಬಿತ್ತು. ಕೆಲವರು ಊರು ಬಿಟ್ಟರು. ಎದುರಿಗೆ ಸಿಕ್ಕವರಲ್ಲಿ ಕೆಲವರು "ನಾಲ್ಕು" ಎಂದು ಹಲ್ಲು ಕಡಿದು ಮುಖ ತಿರುಗಿಸಿದರು. ವಿಚಿತ್ರವೆಂದರೆ ಕೊಕ್ಕರೆಯನ್ನು ಸಮೂಹ ಸಾಯಿಸಲಿಲ್ಲ. ಅಷ್ಟು ಹಳೆಯ ಹೆಸರನ್ನು ಬಿಡುವುದು ದಡ್ಡತನ ಎಂದು ಯಾರಿಗೋ ತೋಚಿತಂತೆ. ಮೂರುಗೆರೆ ಕಾರ್ಖಾನೆಯಲ್ಲೇ, ಅದೇ ಸಾಲಿನಲ್ಲಿ, ದಿನದ ಕೊನೆಯ ಒಂದಷ್ಟು ಕಾರುಗಳ ಮೂತಿಗೆ ಮೂರು ಗೆರೆಯ ಬದಲು ಕೊಕ್ಕರೆ ಅಂಟಿಸತೊಡಗಿದರು. ಆ ಕಾರುಗಳಿಗೆ ಮಾತ್ರ ದಪ್ಪ ರಬ್ಬರು, ಉಣ್ಣೆ. ಪರೀಕ್ಷೆಯಲ್ಲಿ ಗೆದ್ದ ಬಾಗಿಲು ಯಾರದೆಂದು ಹುಡುಕಿ, ಕದ್ದು ಉಣ್ಣೆ ಇಟ್ಟದ್ದನ್ನು ಮನ್ನಿಸಿ, ಭಾವಮೈದನನ್ನೇ ಅದರ ಮುಖ್ಯಸ್ಥನನ್ನಾಗಿ ಮಾಡಿದರು. ತಾನು ಅಂದು ಬಾಯಿಬಿಟ್ಟಿದ್ದರೂ ಅವನ ಕೆಲಸ ಹೋಗುತ್ತಿರಲಿಲ್ಲ ಎಂದು ಬಾಗಿಲಪ್ಪನಿಗೆ ತಿಳಿದದ್ದು ಹೀಗೆ.

ಒಂದು ಭಾನುವಾರ ಭಾವಮೈದ ಹೊಸ ಕೊಕ್ಕರೆಯನ್ನು ಓಡಿಸಿಕೊಂಡು ಬಂದ. ಮುಖ ಬಾಡಿತ್ತು. ಅಕ್ಕನ ಕಣ್ಣು ತಪ್ಪಿಸಿ ಅಂಗಳದಲ್ಲೇ ನಿಂತ.

"ಭಾವ, ಹೇಗೆ ಕೇಳೋದು ಗೊತ್ತಾಗ್ತಿಲ್ಲ. ನಾಳೆಯಿಂದ ಇದು ಶೋರೂಮಿಗೆ ಹೋಗತ್ತೆ. ನೀವೊಂದ್ಸಲ ಮುಚ್ಚಿ ನೋಡ್ದೆ ಕಳ್ಸೋಕೆ ನಂಗೆ ಧೈರ್ಯ ಇಲ್ಲ. ಏನಾದ್ರೂ ಸರಿಮಾಡೋದಿದ್ರೆ ಹೇಳಿ."

ಬಾಗಿಲಪ್ಪ ಕಣ್ಣು ಮುಚ್ಚಿ, ಎರಡು ಬೆರಳಿನಲ್ಲಿ ತಳ್ಳಿದ. ಒಂದು ಸಲ. ಎರಡು ಸಲ. ಒಂದೇ ಒಂದು ತಪ್ಪು ಸಿಗಲಿ ಎಂದು ಕಿವಿಯನ್ನೆಲ್ಲ ಅಲ್ಲೇ ಇಟ್ಟು ಹುಡುಕಿದ. ಒಂದು ಬಾಲ, ಒಂದು ಗಿರಿಗಿರಿ, ಕೂದಲೆಳೆಯಷ್ಟು ಸಡಿಲ ಸಿಕ್ಕರೂ ಸಾಕಿತ್ತು. ಬನ್ನಿ ಭಾವ, ನಮ್ಮ ಜೊತೆ ನಿಂತು ಸರಿಮಾಡಿಕೊಡಿ ಎಂದು ಕರೆಯುತ್ತಿದ್ದನೇನೋ. ಮೂರನೆಯ ಸಲ ಮುಚ್ಚಿದ.

"ಏನೂ ಇಲ್ಲ ಕಣೋ" ಎಂದ. "ಸರಿಯಾಗಿದೆ, ತಗೊಂಡು ಹೋಗು."