ಹೆರಳೆ ಬಿದ್ದ ಕಡೆ

ಮಗಳ ಮೇಲ್ದುಟಿಯಲ್ಲಿ ಕಂದು ಬಣ್ಣದ ಗೆರೆಯೊಂದು ಒಣಗಿತ್ತು. ಅವರೆಕಾಯಿ ಸುಲಿಯುತ್ತಿದ್ದ ರಾಧಾಮಣಿ ಕೈ ನಿಲ್ಲಿಸಿ ಅದನ್ನೇ ನೋಡಿದಳು. ನಯನಾ ಹಿತ್ತಿಲ ಬಾಗಿಲಿನಿಂದ ಮೆಲ್ಲಗೆ ಬಂದು, ತಾಯಿಯ ಕಣ್ಣು ತಪ್ಪಿಸಿ, ಪುಸ್ತಕ ಹಿಡಿದು ಕೂತಿದ್ದಳು. ಪಿಯುಸಿ ಎರಡನೇ ವರ್ಷದ ಹುಡುಗಿಗೆ ಬಾಯಿ ಒರೆಸಿಕೊಳ್ಳಬೇಕೆಂದು ಹೊಳೆಯಲಿಲ್ಲವೋ, ಒರೆಸಿಕೊಳ್ಳುವ ದರ್ದು ತನಗೇನು ಎಂದುಕೊಂಡಳೋ. ಎರಡರಲ್ಲಿ ಯಾವುದಾದರೂ ಹೆತ್ತವಳ ಹೊಟ್ಟೆ ಉರಿಸುವಂಥದ್ದೇ.

“ಏನೇ ಅದು ಬಾಯಲ್ಲಿ?”

“ಹಾಟ್ ಚಾಕ್ಲೇಟು. ಚಿಕ್ಕಮ್ಮ ಮಾಡಿದ್ರು, ಹೆರಳೆ ಸಿಪ್ಪೆ ಹಾಕಿ.”

ಒಂದು ಸುಳ್ಳನ್ನಾದರೂ ಹೇಳಬಾರದಿತ್ತೇ ಅನ್ನಿಸಿತು ರಾಧಾಮಣಿಗೆ. ಸುಳ್ಳು ಹೇಳಿದ್ದರೆ ಮಗಳಿಗೆ ತನ್ನ ಭಯ ಇನ್ನೂ ಉಳಿದಿದೆ ಎಂದಾದರೂ ಆಗುತ್ತಿತ್ತು.

ಚಿಕ್ಕಮ್ಮ ಎಂದರೆ ಗೋಡೆಯಾಚೆಯ ಭಾನುಪ್ರಿಯ, ಮೈದುನ ಮನೋಹರನ ಹೆಂಡತಿ. ಹೋದ ವರ್ಷದವರೆಗೆ ಅಕ್ಕೂರಿನ ಈ ಮನೆಯಲ್ಲಿ ಒಂದೇ ಒಲೆ ಉರಿಯುತ್ತಿತ್ತು. ಒಂದು ಸಲ ರೇಷ್ಮೆಹುಳ ಇನ್ನೇನು ಗೂಡು ಕಟ್ಟಬೇಕು ಎನ್ನುವಾಗ ತಟ್ಟೆತಟ್ಟೆಯೇ ಸತ್ತುಬಿತ್ತು. ಭಾನುಪ್ರಿಯ ಸೆಂಟು ಹೊಡೆದುಕೊಂಡು ಹುಳದ ಮನೆಗೆ ನುಗ್ಗಿದ್ದಕ್ಕೇ ಹೀಗಾಯಿತೆಂದು ರಾಧಾಮಣಿ ನೆಂಟರಿಷ್ಟರ ಮುಂದೆ ಹೇಳಿದಳು. ಭಾನುಪ್ರಿಯ ಅನ್ನಿಸಿಕೊಂಡು ಸುಮ್ಮನಿರುವ ಪೈಕಿಯಲ್ಲ. ಅಕ್ಕ ಕಡ್ಡಿಪುಡಿ ಮೆತ್ತಿದ ಕೈಯಲ್ಲೇ ಹುಳಕ್ಕೆ ಸೊಪ್ಪು ಹಾಕುತ್ತಾಳೆ, ಅದನ್ನು ಯಾರೂ ಕೇಳುವುದಿಲ್ಲ ಎಂದಳು. ಯಾರ ಕೈ ಹುಳ ಕೊಂದಿತೋ ಹುಳಕ್ಕೇ ಗೊತ್ತು. ಮನೆಯಲ್ಲಂತೂ ಒಲೆ ಎರಡಾಯಿತು.

ಊರ ಹಿರಿಯ ದೊಡ್ಡಹನುಮಯ್ಯ ಪಂಚಾಯಿತಿ ಮಾಡಿ ಹಿತ್ತಿಲಿಗೆ ಎದೆಮಟ್ಟದ ಗೋಡೆ ಹಾಕಿಸಿದ. ಗೋಡೆ ಹೆರಳೆ ಗಿಡದ ಬುಡಕ್ಕೆ ಬಂದು ನಿಂತಿತು, ಅದರಾಚೆಗೆ ಬರೀ ನೈಲಾನ್ ಹಗ್ಗ. ಗಿಡ ಯಾರ ಪಾಲಿಗೆ ಎಂಬ ಮಾತು ಬಂತು. ಮದುವೆಯಾದ ವರ್ಷ ಕೂಟಗಲ್ಲಿನ ತವರಿನಿಂದ ಸಸಿ ತಂದು ನೆಟ್ಟವಳು ನಾನು ಎಂದಳು ರಾಧಾಮಣಿ. ನೀರು ಹೊತ್ತು ಹಾಕಿದವಳು ನಾನು ಎಂದಳು ಭಾನುಪ್ರಿಯ. ದೊಡ್ಡಹನುಮಯ್ಯ ತಲೆ ಕೆರೆದುಕೊಂಡು, ಯಾರೂ ಕಾಯಿ ಕೀಳಬಾರದು, ಬಿದ್ದ ಕಾಯಿ ಬಿದ್ದ ಕಡೆಯವರದು ಎಂದು ತೀರ್ಪು ಕೊಟ್ಟು ಎದ್ದುಹೋದ. ಗಿಡಕ್ಕೆ ನ್ಯಾಯ ಪಂಚಾಯಿತಿ ತಿಳಿಯುತ್ತದೆಯೇ? ಬಿಸಿಲು ಕಂಡ ಕಡೆಗೆ ವಾಲಿತು. ಕಾಯೆಲ್ಲ ಆಚೆ, ಗುಡಿಸುವ ತರಗೆಲ್ಲ ಈಚೆ.

ಕಾಯಿ ಹೋದರೆ ಹೋಗಲಿ ಎಂದು ರಾಧಾಮಣಿ ಹಲ್ಲು ಕಚ್ಚಿಕೊಂಡಿದ್ದಳು. ಆದರೆ ಇದ್ದೊಬ್ಬ ಮಗಳೂ ಅತ್ತಲೇ ವಾಲಿದರೆ? ಭಾನುಪ್ರಿಯಳಿಗೆ ಮಕ್ಕಳಾಗಿರಲಿಲ್ಲ. ಮದುವೆಗೆ ಮುಂಚೆ ಮೈಸೂರು ರಸ್ತೆಯ ದೊಡ್ಡ ಹೋಟೆಲೊಂದರಲ್ಲಿ ಕೆಲಸಕ್ಕಿದ್ದವಳು, ಬಾಯಿ ಕಟ್ಟಿಹಾಕುವ ತಿಂಡಿತೀರ್ಥಗಳನ್ನೆಲ್ಲ ಕಲಿತು ಬಂದಿದ್ದಳು. ಹೆತ್ತವಳು ಮುದ್ದೆ ತಿರುವುತ್ತಾ ಕೂತಿರಲಿ, ಅವಳು ಲೋಟ ತೋರಿಸಿ ಮಗಳನ್ನು ಕರೆದುಕೊಳ್ಳಲಿ!

ಮಾತು ಬಿಟ್ಟಂದಿನಿಂದ ವಾರಗಿತ್ತಿಯರು ಒಬ್ಬರಿಗೊಬ್ಬರು ಹೇಳಬೇಕಾದ್ದನ್ನು ತಮ್ಮತಮ್ಮ ಹಸುಗಳಿಗೆ ಹೇಳುತ್ತಿದ್ದರು. ಆ ಎರಡು ಮೂಕಪ್ರಾಣಿಗಳು ಕೇಳಿದಷ್ಟು ಬೈಗುಳವನ್ನು ಕಳ್ಳದನವೂ ಕೇಳಿರಲಿಕ್ಕಿಲ್ಲ. ಅವತ್ತು ಸಂಜೆ ಹಾಲು ಕರೆಯಲು ಕೂತ ರಾಧಾಮಣಿ ಗೋಡೆಯ ಕಡೆಗೆ ದನಿ ಎತ್ತಿದಳು.

“ಕಂಡೋರ ಕರ ನೆಕ್ಕಕ್ಕೆ ಹೋಗ್ಬ್ಯಾಡ ಕಣೆ. ಬೇಕಿದ್ರೆ ನೀನೇ ಒಂದು ಈಯಿ.”

ಆಚೆ ಪಾತ್ರೆ ಉಜ್ಜುವ ಸದ್ದು ನಿಂತಿತು. ಆಡಿದ ಮಾತು ಅತಿಯಾಯಿತೆಂದು ರಾಧಾಮಣಿಗೂ ಅನ್ನಿಸಿತು. ಅನ್ನಿಸಿ, ಒಳಗೊಳಗೇ ಹಿತವೂ ಆಯಿತು. ಸ್ವಲ್ಪ ಹೊತ್ತಿನ ಮೇಲೆ ಆಚೆಯ ಹಸುವಿಗೆ ಉತ್ತರ ಬಂತು.

“ಕರ ತಾನಾಗೇ ಬತ್ತೈತೆ ಕಣವ್ವ ಗೌರಿ. ಅದ್ರ ಕೊಟ್ಟಿಗೇಲಿ ಏನೂ ಇಲ್ವೇನೋ ಪಾಪ.”

ಮಾರನೆಯ ದಿನವೇ ರಾಧಾಮಣಿ ಚನ್ನಪಟ್ಟಣದ ಬಸ್ಸು ಹತ್ತಿದಳು. ಬೇಕರಿಯ ವಾಸಿಂ ಕೋಕೋ ಪುಡಿ ಕಟ್ಟಿಕೊಡುತ್ತಾ, ಕೇಕು ಮಾಡುತ್ತೀರಾ ಅಕ್ಕ ಎಂದು ಕೇಳಿದ್ದಕ್ಕೆ, ಒಬ್ಬರ ಸೊಕ್ಕು ಮುರಿಯುತ್ತೇನೆ ಎಂದು ಹೇಳಿ ಅವನನ್ನು ಬೆಪ್ಪು ಮಾಡಿ ಬಂದಳು. ಸಂಜೆಯ ಹಾಲನ್ನು ಡೇರಿಗೆ ಕಳಿಸಲಿಲ್ಲ. ನೀರು ಸೋಕಿಸದ ಗಟ್ಟಿ ಹಾಲನ್ನೇ ಒಲೆಗಿಟ್ಟು, ಪುಡಿಯನ್ನು ಗಂಟಿಲ್ಲದಂತೆ ಕದಡಿ, ಸಕ್ಕರೆಯನ್ನು ಕೈಬಿಟ್ಟು ಸುರಿದಳು. ಹಾಲು ಮರಳಿ ಪರಿಮಳ ಎದ್ದಾಗ ನಯನಾ ಓದುತ್ತಿದ್ದವಳು ಎದ್ದು ಬಂದು ಅಡುಗೆಮನೆಯ ಹೊಸ್ತಿಲ ಮೇಲೆ ಕೂತಳು. ಒಲೆ ಬೇರೆಯಾದ ಮೇಲೆ ಅವಳು ಅಲ್ಲಿ ಕೂತಿದ್ದು ಅದೇ ಮೊದಲು.

“ನೀನೇ ಮಾಡ್ತಿದ್ದೀಯಾಮ್ಮ?”

“ಯಾಕೆ, ನಂಗೇನು ಕೈಯಿಲ್ವಾ?”

ಒರಟಾಗಿ ಹೇಳಿದಳಾದರೂ ರಾಧಾಮಣಿಗೆ ಎದೆ ತುಂಬಿ ಬಂದಿತ್ತು. ಮಗಳು ಮೊಣಕಾಲಿಗೆ ಗಲ್ಲ ಆನಿಸಿ ಒಲೆಯನ್ನೇ ನೋಡುತ್ತಿದ್ದಳು, ಚಿಕ್ಕವಳಿದ್ದಾಗ ಒಬ್ಬಟ್ಟಿಗೆ ಕಾಯುತ್ತಿದ್ದ ಹಾಗೆ. ಗೆದ್ದೆ ಎಂದುಕೊಂಡಳು ರಾಧಾಮಣಿ. ಈಚೆ ಬಿದ್ದಿದ್ದ ಒಂದೇ ಒಂದು ಹೆರಳೆಕಾಯಿಯನ್ನು ಎತ್ತಿಟ್ಟಿದ್ದಳಲ್ಲ, ಅದನ್ನು ಈಳಿಗೆಮಣೆಗೆ ಕೊಟ್ಟು ಎರಡು ಹೋಳು ಮಾಡಿದಳು. ಹೆರಳೆ ಎಂದರೆ ಅವಳಿಗೆ ಹುಟ್ಟಿದಾಗಿನಿಂದ ರಸವೇ. ಚಿತ್ರಾನ್ನಕ್ಕೂ ಗೊಜ್ಜಿಗೂ ಹಿಂಡಿಕೊಳ್ಳುವುದು, ಸಿಪ್ಪೆಯನ್ನು ತಿಪ್ಪೆಗೆ ಎಸೆಯುವುದು. ಮಗಳು ಸಿಪ್ಪೆ ಎಂದದ್ದನ್ನು ಕಿವಿ ಕೇಳಿತ್ತು, ಕೈ ಕೇಳಿರಲಿಲ್ಲ. ಒಂದು ಹೋಳನ್ನು ಹಾಲಿನ ಮೇಲೆ ಹಿಡಿದು ಮುಷ್ಟಿ ಬಿಗಿದಳು.

ನಯನಾ ಬೇಡ ಬೇಡ ಎಂದು ಏಳುವಷ್ಟರಲ್ಲಿ ಹಾಲು ಒಡೆದಿತ್ತು. ಕಂದು ನೀರಿನ ನಡುವೆ ಗಡ್ಡೆ ಗಡ್ಡೆಯಾಗಿ ತೇಲಿತು. ರಾಧಾಮಣಿ ಸೌಟು ಹಾಕಿ ತಿರುವಿದಳು. ಜೋರಾಗಿ ತಿರುವಿದರೆ ಕೂಡಿಕೊಂಡೀತು ಎಂಬಂತೆ ಮತ್ತೂ ತಿರುವಿದಳು. ಮಗಳಿಗೆ ನಗು ಬಂದುಬಿಟ್ಟಿತು. ತಡೆದುಕೊಳ್ಳಲು ನೋಡಿದಳು, ಆಗಲಿಲ್ಲ.

“ರಸ ಅಲ್ಲ ಕಣಮ್ಮ. ಮೇಲಿನ ಹಸಿರು ಸಿಪ್ಪೆ ಒಸಿ ತುರ್ದು ಹಾಕ್ಬೇಕು. ಬಿಳಿ ತಾಕುದ್ರೂ ಕಹಿಯಾಯ್ತದೆ.”

ನಕ್ಕದ್ದನ್ನಾದರೂ ರಾಧಾಮಣಿ ಸಹಿಸುತ್ತಿದ್ದಳೇನೋ. ಅಷ್ಟು ಚೆನ್ನಾಗಿ ಹೇಳಬೇಕಾದರೆ ಇವಳು ಆ ಒಲೆಯ ಪಕ್ಕ ಎಷ್ಟು ಸಲ ನಿಂತಿರಬೇಕು! ಸೌಟನ್ನು ಕುಕ್ಕಿ, ಹೋಗು, ಆ ಬಂಜೆಯ ಮನೆಯಲ್ಲೇ ಬಿದ್ದಿರು ಎಂದುಬಿಟ್ಟಳು. ನಯನಾಳ ಮುಖದಿಂದ ನಗು ಇಳಿದುಹೋಯಿತು. ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡಳು. ಕಿಟಕಿಯಾಚೆ, ಗೋಡೆಯ ಮಗ್ಗುಲಲ್ಲಿ ಯಾರೋ ತೊಳೆಯುತ್ತಿದ್ದ ಪಾತ್ರೆ ಕಲ್ಲಿನ ಮೇಲೆ ಬಿದ್ದ ಸದ್ದಾಯಿತು.

ಅರ್ಧ ಗಂಟೆ ಕಳೆದಿರಬಹುದು, ಅತ್ತೆ ಮಾಯಮ್ಮ ಸೆರಗಿನಲ್ಲಿ ಬಿಸಿ ಲೋಟ ಹಿಡಿದು ಬಂದಳು. ಎರಡು ಒಲೆಯಾದ ಮೇಲೆ ಸುಖವಾಗಿದ್ದವಳು ಅವಳೊಬ್ಬಳೇ. ಬೆಳಗ್ಗೆ ಇಲ್ಲಿ, ಸಂಜೆ ಅಲ್ಲಿ ಉಂಡು ಎರಡೂ ಕಡೆಯ ಸಾರಿಗೆ ಹೆಸರಿಡುತ್ತಿದ್ದಳು.

“ಹಾಲು ಒಡ್ದೋದ ಮನೇಲಿ ಮಗ ಹಸ್ಕೊಂಡಿರಬಾರ್ದು, ಕೊಟ್‌ಬುಟ್ ಬಾ ಅಂದ್ಲು ನಿನ್ನ ವಾರಗಿತ್ತಿ.”

ಅಲ್ಲಿಡಿ ಎಂದಳು ರಾಧಾಮಣಿ. ಅತ್ತೆ ಹೋದ ಮೇಲೆ ಲೋಟವನ್ನು ಬಚ್ಚಲಿಗೆ ಸುರಿಯಲೆಂದೇ ಎತ್ತಿಕೊಂಡಳು. ಬಗ್ಗಿಸುವಾಗ ಹಬೆ ಮೂಗಿಗೆ ಬಡಿಯಿತು. ಕೂಟಗಲ್ಲಿನ ಹಿತ್ತಿಲಿನ ವಾಸನೆ. ಹೆರಳೆ ಎಲೆ ಹಿಸುಕಿ ಅವ್ವ ಮೂಗಿಗೆ ಹಿಡಿಯುತ್ತಿದ್ದ ವಾಸನೆ. ಒಂದು ಗುಟುಕು ಕುಡಿದಳು. ಬಚ್ಚಲಲ್ಲೇ ನಿಂತು, ಬಾಗಿಲಿಗೆ ಬೆನ್ನು ಹಾಕಿ, ತಳದ ಸಕ್ಕರೆಯವರೆಗೆ ಕುಡಿದಳು. ಚೆನ್ನಾಗಿತ್ತು. ಕೆಟ್ಟದಾಗಿದ್ದಿದ್ದರೆ ಅವಳು ಜಗಳವನ್ನು ಅಲ್ಲಿಗೇ ಬಿಟ್ಟುಬಿಡುತ್ತಿದ್ದಳೋ ಏನೋ.

ಬೆಳಗ್ಗೆ ಗಂಡ ಅನಂತರಾಜು ಗೂಡು ತುಂಬಿಕೊಂಡು ರಾಮನಗರದ ಮಾರ್ಕೆಟ್ಟಿಗೆ ಹೊರಟ ಮೇಲೆ ರಾಧಾಮಣಿ ಲೋಟ ತೊಳೆದು ಗೋಡೆಯ ಮೇಲಿಟ್ಟಳು. ಕೊಟ್ಟವರ ಪಾತ್ರೆಯನ್ನು ಖಾಲಿ ಹಿಂತಿರುಗಿಸಬಾರದು, ಚಿಟಿಕೆ ಸಕ್ಕರೆಯನ್ನಾದರೂ ಹಾಕಬೇಕು. ಅದು ಗೊತ್ತಿದ್ದೇ ಖಾಲಿ ಇಟ್ಟಳು. ಆಮೇಲೆ ಸೊಪ್ಪು ಕಡಿಯುವ ಮಚ್ಚು ತಂದು, ಆಚೆಗೆ ವಾಲಿದ್ದ ದೊಡ್ಡ ಕೊಂಬೆಯ ಬುಡಕ್ಕೆ ಹೊಡೆದಳು. ಮಾಯಮ್ಮ ಎಲೆಅಡಿಕೆ ಬಾಯಲ್ಲೇ ಬಾಗಿಲಿಗೆ ಬಂದು, ಕೀಳಬಾರದೆಂದು ಪಂಚಾಯಿತಿಯಲ್ಲಿ ಮಾತಾಗಿದೆಯಲ್ಲ ಎಂದಳು.

“ಕೀಳಬಾರ್ದು ಅಂದವ್ರೆ. ಕಡೀಬಾರ್ದು ಅಂತ ಯಾರೂ ಅಂದಿಲ್ಲ.”

ಹೆರಳೆಯ ಮುಳ್ಳು ಮುಂಗೈ ಗೀರಿತು. ಲೆಕ್ಕಿಸದೆ ಹೊಡೆದಳು. ಸಸಿ ತಂದ ದಿನ ಹೆಂಚಿನ ಚೂರಿನಲ್ಲಿ ತೋಡಿದ ಗುಂಡಿ ನೆನಪಾಗಿ ಕಣ್ಣು ಮಂಜಾಯಿತು, ಆಗಲೂ ಹೊಡೆದಳು. ಕೊಂಬೆ ಲಟಲಟನೆ ಮುರಿದು, ಹೊತ್ತಿದ್ದ ಕಾಯಿಯೆಲ್ಲದರ ಸಮೇತ ಆಚೆ ಬಿತ್ತು.

ಎಲ್ಲಿ ಬೀಳುತ್ತದೆ ಎಂಬುದನ್ನು ಅವಳು ಆ ಗಳಿಗೆಯವರೆಗೆ ಯೋಚಿಸಿರಲಿಲ್ಲ.

ಭಾನುಪ್ರಿಯ ಮಂಕರಿ ತಂದಳು. ಕಣ್ಣು ಊದಿತ್ತು, ನಿನ್ನೆಯ ಮಾತು ಗೋಡೆ ದಾಟಿದ್ದು ಅದರಲ್ಲೇ ಕಾಣುತ್ತಿತ್ತು. ಅವಸರವಿಲ್ಲದೆ ಒಂದೊಂದೇ ಕಾಯಿ ಕೀಳುತ್ತಾ, ವರ್ಷದ ಮೇಲೆ ಮೊದಲ ಸಲ ಹಸುವನ್ನು ಬಿಟ್ಟು ನೇರ ರಾಧಾಮಣಿಗೇ ಹೇಳಿದಳು.

“ಬಿದ್ದ ಕಡೇವ್ರದು ಅಲ್ವಾ ಅಕ್ಕ?”

ಕಾಲೇಜಿಗೆ ಹೊರಟಿದ್ದ ನಯನಾ ಹಿತ್ತಿಲ ಜಗಲಿಯಲ್ಲಿ ನಿಂತು ಎಲ್ಲವನ್ನೂ ನೋಡುತ್ತಿದ್ದಳು. ಬ್ಯಾಗನ್ನು ಕೆಳಗಿಟ್ಟು ಬಂದಳು. ತಾಯಿಯ ಕೈಯ ಮಚ್ಚನ್ನೊಮ್ಮೆ, ಗೀರಿದ ಮುಂಗೈಯನ್ನೊಮ್ಮೆ ನೋಡಿದಳು. ಹಗ್ಗ ಎತ್ತಿ ಆಚೆ ನುಸುಳಿ, ಕಾಯಿಗೆಂದು ವೇಲು ಹರಡಿ, ಚಿಕ್ಕಮ್ಮನ ಪಕ್ಕ ಕುಕ್ಕುರುಗಾಲಲ್ಲಿ ಕೂತಳು.

ಅವರ ಕೈ ತಪ್ಪಿದ ಒಂದು ಕಾಯಿ ಉರುಳಿ, ಹಗ್ಗದಡಿ ದಾಟಿ, ಈಚೆ ಬಂದು ನಿಂತಿತು. ಅದಕ್ಕೆ ಯಾರೂ ಕೈ ಚಾಚಲಿಲ್ಲ.

“ಅದು ನಿಂದೇ ಕಣವ್ವ, ಎತ್ಕೊ” ಎಂದಳು ಮಾಯಮ್ಮ.

ರಾಧಾಮಣಿ ಮಚ್ಚು ಕೆಳಗಿಟ್ಟು ಗೋಡೆಗೆ ಒರಗಿ ಕೂತಳು. ಕಾಯಿ ಎತ್ತಿ ಮಡಿಲಲ್ಲಿಟ್ಟುಕೊಂಡಳು. ಆಚೆ ಮಗಳ ಮಾತು, ಮಂಕರಿಗೆ ಕಾಯಿ ಬೀಳುವ ಸದ್ದು ಕೇಳುತ್ತಲೇ ಇತ್ತು. ಹೆಬ್ಬೆರಳ ಉಗುರು ತನ್ನಷ್ಟಕ್ಕೆ ತಾನೇ ಹಸಿರು ಸಿಪ್ಪೆಯನ್ನು ಕೆರೆಯತೊಡಗಿತು, ಬಿಳಿ ತಾಕದ ಹಾಗೆ.