ಲಮೆಕಿಯ ಕೊನೆಯ ಲಾರಿ

ನಾನು ಆ ಮನೆಯ ನೆಂಟನಲ್ಲ, ಗುಂಡಿ ತೋಡಿದವರಲ್ಲಿ ಒಬ್ಬನೂ ಅಲ್ಲ. ಅಂಗಳದ ಅಂಚಿನಲ್ಲಿ ಕೂತಿದ್ದವನು. ಇದನ್ನು ಹೇಳಲು ನನಗೆ ಹಕ್ಕಿದೆಯೋ ಇಲ್ಲವೋ ತಿಳಿಯದು. ತಪ್ಪಿದ್ದರೆ ಆ ಮನೆಯವರು ಮನ್ನಿಸಬೇಕು.

ಯೋರಾಮ ಸತ್ತ ಲಮೆಕಿಯ ತಟ್ಟೆಯನ್ನು ಬೋರಲು ಹಾಕಿ, ನಡುವೆ ಮೊಳೆಯಿಟ್ಟು ಕಲ್ಲಿನಿಂದ ಹೊಡೆದ. ತೂತಾಯಿತು. ಆಮೇಲೆ ಚಹಾದ ಲೋಟಕ್ಕೂ ಒಂದು ತೂತು. ಸತ್ತವನ ಸ್ವಂತ ವಸ್ತುಗಳು ಗೋರಿಯ ಮೇಲೆ ಹೋಗಬೇಕು, ಬದುಕಿರುವವರ ಕೆಲಸಕ್ಕೆ ಬಾರದಂತೆ ಹೋಗಬೇಕು. ಗುಂಡಿ ತೋಡಿ ಬಂದವರೇ ಅದನ್ನು ಮಾಡುವುದು. ಯೋರಾಮನ ಮೊಣಕಾಲಿನವರೆಗೂ ಕೆಂಪು ಮಣ್ಣು ಮೆತ್ತಿತ್ತು.

“ಉದ್ದ ಕಾಲಿನ ಮುದುಕ. ಗುಂಡಿ ಇನ್ನೊಂದು ಗೇಣು ಉದ್ದ ತೋಡ್ಬೇಕಾಯ್ತು. ಸತ್ತ ಮೇಲೂ ಕೆಲಸ ಹೇಳ್ತಾನೆ,” ಎಂದ.

ಗಂಡಸರು ನಕ್ಕರು. ಗುಂಡಿ ತೋಡಿದವರ ಮಾತಿಗೆ ಸಾವಿನ ಮನೆಯಲ್ಲೂ ಯಾರೂ ಸಿಟ್ಟಾಗುವುದಿಲ್ಲ.

ಲಮೆಕಿ ನಮ್ಮ ಆಸ್ಪತ್ರೆಯಲ್ಲಿ ಕಸ ಗುಡಿಸುತ್ತಿದ್ದವನು. ಮಲಾವಿ ಸರೋವರದ ದಡದ ಈ ಊರಿನಲ್ಲಿ ಅವನು ಮಾಡಿದ ಆಟದ ಲಾರಿ ಓಡಿಸದೆ ಬೆಳೆದ ಗಂಡಸರು ಕಡಿಮೆ. ಎಣ್ಣೆ ಡಬ್ಬದ ಮೈ, ಸವೆದ ಚಪ್ಪಲಿ ಕತ್ತರಿಸಿದ ಚಕ್ರ, ಮುರಿದ ಕೊಡೆಯ ಕಡ್ಡಿಯ ಅಚ್ಚು, ಬಾಟಲಿ ಮುಚ್ಚಳದ ದೀಪ. ಅದರಿಂದ ಮೇಲೆದ್ದ ಜೊಂಡಿನ ಕೋಲು, ಕೋಲಿನ ತುದಿಗೆ ತಂತಿಯ ಸ್ಟೀರಿಂಗು. ಹುಡುಗರು ಅದನ್ನು ಹಿಡಿದು ತಿರುಗಿಸುತ್ತ ಲಾರಿಯ ಹಿಂದೆ ಓಡುತ್ತಿದ್ದರು.

“ಇನ್ನು ಇದೊಂದು,” ಎಂದು ಬಿಜೆಕಿ ಮಂಚದ ಕೆಳಗಿದ್ದ ಲಾರಿಯನ್ನು ತಂದು ಅಂಗಳದಲ್ಲಿಟ್ಟ. ಅವನು ಲಮೆಕಿಯ ಅಕ್ಕನ ಮಗ. ನಮ್ಮಲ್ಲಿ ಗಂಡಸು ಸತ್ತರೆ ಸೋದರಳಿಯನ ಮಾತೇ ಕೊನೆಯ ಮಾತು.

“ಅದನ್ನ ಮುಟ್ಟಬೇಡ, ಭಾವ,” ಎಂದಳು ಲಮೆಕಿಯ ಮಗಳು ಲಿಗಿನೇಟಿ. ಸಂತೆಯಲ್ಲಿ ಒಣಮೀನು ಮಾರುವವಳು, ನಲವತ್ತು ದಾಟಿದವಳು. “ಅದು ನಂದು.”

“ನಿಂದು ಹೇಗೆ?”

“ಚಕ್ರ ನೋಡು. ನನ್ನ ಹಳೇ ಚಪ್ಪಲಿ.”

“ಊರವರ ಚಪ್ಪಲಿಯೆಲ್ಲ ಇವನ ಮನೇಲೇ ಇತ್ತಲ್ಲ,” ಎಂದ ಯೋರಾಮ. “ನನ್ನದೊಂದು ಜೊತೆ ಹೊಸದೇ ಹೋಯ್ತು.”

*

ಆಗ ಲಿಗಿನೇಟಿಗೆ ಒಂಬತ್ತು ವರ್ಷ. ಹುಡುಗರು ಬಾಗಿಲ ಚೌಕಟ್ಟಿಗೆ ಬೆನ್ನು ಕೊಟ್ಟು ಸಾಲಾಗಿ ನಿಲ್ಲುತ್ತಿದ್ದರು. ಲಮೆಕಿ ಜೊಂಡನ್ನು ಒಬ್ಬೊಬ್ಬರ ಮುಂದೆ ನಿಲ್ಲಿಸಿ, ಹೊಕ್ಕುಳಿನ ನೇರಕ್ಕೆ ಕತ್ತರಿಸುತ್ತಿದ್ದ. ಗಿಡ್ಡವಾದರೆ ಬೆನ್ನು ಬಗ್ಗುತ್ತದೆ, ಉದ್ದವಾದರೆ ಲಾರಿ ಮಾತು ಕೇಳುವುದಿಲ್ಲ. ಕೊನೆಯ ಹುಡುಗ ಹೋದ ಮೇಲೆ ಲಿಗಿನೇಟಿ ಚೌಕಟ್ಟಿಗೆ ಬೆನ್ನು ಕೊಟ್ಟು ನಿಂತಳು.

ಅಪ್ಪ ನಕ್ಕ. “ತಲೆ ಮೇಲೆ ಕೊಡ, ಬೆನ್ನ ಮೇಲೆ ತಮ್ಮ. ಗಾಡಿ ಹಿಡಿಯೋಕೆ ನಿನಗೆ ಕೈಯೆಲ್ಲಿದೆ, ಮಗಳೇ?”

ಅವಳೂ ನಕ್ಕಳು. ಕೊಡ ಎತ್ತಿಕೊಂಡು ಹೋದಳು. ಮತ್ತೆ ಕೇಳಲಿಲ್ಲ.

*

ಬಿಜೆಕಿ ಲಾರಿಯ ಕೋಲನ್ನು ನೆಟ್ಟಗೆ ನಿಲ್ಲಿಸಿದ. ಊರಿನ ಯಾವ ಮಗುವಿಗೂ ಆಗದಷ್ಟು ಉದ್ದವಿತ್ತು.

“ಹತ್ತಿರ ಬಾ,” ಎಂದ.

ಲಿಗಿನೇಟಿ ಹೋಗಿ ಅದರ ಮುಂದೆ ನಿಂತಳು. ತಂತಿಯ ಸ್ಟೀರಿಂಗು ಅವಳ ಹೊಕ್ಕುಳಿನ ನೇರಕ್ಕೆ ಬಂತು.

“ಇವಳು ಅಪ್ಪನಷ್ಟೇ ಎತ್ತರ,” ಎಂದ ಯೋರಾಮ, ಈಗ ನಗದೆ. “ಮುದುಕ ತನಗೇ ಅಂತ ಮಾಡ್ಕೊಂಡಿದ್ರೆ?”

ಬಿಜೆಕಿ ಅವಳನ್ನು ನೋಡಿದ. “ಅವನದಾದ್ರೆ ಒಡೀಲೇಬೇಕು, ಲಿಗಿನೇಟಿ. ಒಡೀದೆ ಉಳಿಸಿ, ನಾಳೆ ಮನೇಲಿ ಯಾರಾದ್ರೂ ಕಾಯಿಲೆ ಬಿದ್ರೆ ಎಲ್ಲಾರೂ ನನ್ನನ್ನೇ ಕೇಳ್ತಾರೆ. ನಿನಗೆ ಅಂತ ಮಾವ ಬಾಯಿಬಿಟ್ಟು ಹೇಳಿದ್ನಾ?”

ಹೂಂ ಅಂದಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಅಲ್ಲ ಅನ್ನಲು, ಲಮೆಕಿಯ ಮಾತು ಕೇಳಿಸಿಕೊಂಡವರು ಯಾರೂ ಇರಲಿಲ್ಲ.

“ಇಲ್ಲ,” ಎಂದಳು. “ಏನೂ ಹೇಳಲಿಲ್ಲ.”

ಬಿಜೆಕಿ ಯೋರಾಮನತ್ತ ತಲೆಯಾಡಿಸಿದ. ಯೋರಾಮ ಲಾರಿಯ ತಲೆಯ ಮೇಲೆ ಮೊಳೆಯಿಟ್ಟು ಕಲ್ಲೆತ್ತಿದ.

“ಯೋರಾಮ.”

ಒಳಗಿನಿಂದ ಬಂದ ದನಿ. ಹೆಣದ ಪೆಟ್ಟಿಗೆಯ ಪಕ್ಕ ಹೊದ್ದು ಕೂತ ಹೆಂಡತಿ ಇಂಥದ್ದರಲ್ಲಿ ಬಾಯಿ ಹಾಕುವುದಿಲ್ಲ. ಲಮೆಕಿಯ ಹೆಂಡತಿ ಡೈಲೆಸಿ ಹಾಕಿದಳು.

“ನಲವತ್ತೈದು ವರ್ಷ ಅವನ ಪಕ್ಕ ಮಲಗಿದ್ದೀನಿ. ಅವನ ಹೊಕ್ಕುಳು ಎಲ್ಲಿತ್ತು ಅಂತ ನಿನಗೆ ಗೊತ್ತೋ, ನನಗೋ? ಕಾಲಷ್ಟೇ ಅವನಿಗೆ ಉದ್ದ, ಹೊಟ್ಟೆ ಗಿಡ್ಡ. ಆ ಕೋಲು ಅವನಿಗೆ ನಾಲ್ಕು ಬೆರಳು ಸಾಲದು.”

ಮೊದಲು ಹೆಂಗಸರು ನಕ್ಕರು, ಆಮೇಲೆ ಗುಂಡಿ ತೋಡಿದವರು. ನಗುತ್ತಲೇ ಒಬ್ಬಿಬ್ಬರು ಕಣ್ಣೊರೆಸಿಕೊಂಡರು. ಬಿಜೆಕಿ ಮಾತ್ರ ನಗಲಿಲ್ಲ. ಯೋರಾಮನ ಕೈಯಿಂದ ಕಲ್ಲು ತೆಗೆದುಕೊಂಡು ಪಕ್ಕಕ್ಕಿಟ್ಟ.

“ಅತ್ತೆ ಹೇಳಿದ ಮೇಲೆ ಮುಗೀತು,” ಎಂದ.

ಪೆಟ್ಟಿಗೆ ಹೊರಟಿತು. ಹಾಡುತ್ತಿದ್ದ ಹೆಂಗಸರ ನಡುವೆ ಲಿಗಿನೇಟಿ ಲಾರಿ ಓಡಿಸಿಕೊಂಡು ಬಂದಳು. ಅವಳಿಗೆ ಬರುತ್ತಿರಲಿಲ್ಲ. ಹತ್ತಿ ಹೊಲದ ತಿರುವಿನಲ್ಲಿ ಜೋರಾಗಿ ತಿರುಗಿಸಿಬಿಟ್ಟಳು, ಲಾರಿ ಪಲ್ಟಿಯಾಯಿತು. ಮುದುಕಿಯೊಬ್ಬಳು ಹಾಡು ನಿಲ್ಲಿಸದೆ ಬಗ್ಗಿ ಅದನ್ನು ಎತ್ತಿ ನಿಲ್ಲಿಸಿದಳು. ಮುಂದೆ ಪೆಟ್ಟಿಗೆಗೆ ಹೆಗಲು ಕೊಟ್ಟಿದ್ದ ಯೋರಾಮ ತಿರುಗಿ ನೋಡದೆಯೇ ಹೇಳಿದ: “ಸ್ವಲ್ಪ ಸ್ವಲ್ಪ ತಿರುಗಿಸು, ಅಕ್ಕ. ಅದಕ್ಕೇ ಗೊತ್ತಾಗುತ್ತೆ.”

ಡೈಲೆಸಿ ಹೇಳಿದ್ದು ನಿಜವೋ ಅಲ್ಲವೋ ನನಗೆ ತಿಳಿಯದು. ಪೆಟ್ಟಿಗೆಗೆ ಆಗಲೇ ಮೊಳೆ ಹೊಡೆದಾಗಿತ್ತು.